ಅರ್ಜಿ ಕಾಗದದ ಕುದುರೆ

ದಾಖಲೆ ಕೋಣೆಯ ಗುಮಾಸ್ತನಿಗೆ ದೇವರು ಎರಡು ಕೈ ಕೊಟ್ಟಿರುವುದು ಒಂದರಲ್ಲಿ ಕಡತ ಹಿಡಿಯಲಿ, ಇನ್ನೊಂದರಲ್ಲಿ ಮೂಗು ಮುಚ್ಚಿಕೊಳ್ಳಲಿ ಎಂದೇ. ನಮ್ಮ ಗುಮಾಸ್ತ ಈ ಎರಡು ಕೆಲಸಗಳನ್ನೂ ಬಹಳ ಕಾಲದಿಂದ ನಿಷ್ಠೆಯಿಂದ ಮಾಡಿಕೊಂಡು ಬಂದವನು. ಅವನು ಆ ಕೋಣೆ ಹೊಕ್ಕಾಗ ತಲೆಗೂದಲು ಕಪ್ಪಗಿತ್ತು; ಈಗ ಬೆಳ್ಳಗಾಗಿರುವುದು ವಯಸ್ಸಿನಿಂದಲೋ ಧೂಳಿನಿಂದಲೋ ಎಂಬುದನ್ನು ಅವನ ಹೆಂಡತಿಯೂ ಖಚಿತವಾಗಿ ಹೇಳಲಾರಳು. ಮೂರನೆಯದೊಂದು ಕೆಲಸವನ್ನು ಆ ಕೈಗಳು ಎಂದೂ ಮಾಡಿದ್ದಿಲ್ಲ. ಮನೆಯಲ್ಲಿ ಬಲ್ಬು ಬದಲಿಸಬೇಕಾದರೂ ಅವನು ಕುರ್ಚಿ ಹಿಡಿದುಕೊಂಡು ನಿಲ್ಲುತ್ತಿದ್ದ. ಮೇಲೆ ಹತ್ತುತ್ತಿದ್ದವಳು ಅಕ್ಕ.

ಅಕ್ಕ ಎಂದರೆ ಒಡಹುಟ್ಟಿದ ಅಕ್ಕ. ತಾಯಿ ತೀರಿಕೊಂಡಾಗ ಗುಮಾಸ್ತ ಇನ್ನೂ ಅಂಬೆಗಾಲಿಡುತ್ತಿದ್ದ. ಅವಳು ಶಾಲೆಯ ಚೀಲ ಕೆಳಗಿಟ್ಟು ಅವನನ್ನು ಎತ್ತಿಕೊಂಡಳು. ಓದಿಸಿ, ಕೆಲಸಕ್ಕೆ ಸೇರಿಸಿ, ಹೆಣ್ಣು ನೋಡಿ ಮದುವೆ ಮಾಡಿ ಇನ್ನು ಇಳಿಸೋಣ ಎನ್ನುವ ಹೊತ್ತಿಗೆ ಅವಳ ಮದುವೆಯ ಮಾತೆತ್ತುವವರೇ ಇರಲಿಲ್ಲ. ಅದಕ್ಕಾಗಿ ಅವಳು ಒಂದು ದಿನವೂ ಮುಖ ಗಂಟಿಕ್ಕಿದವಳಲ್ಲ. ತಮ್ಮನಿಗೆ ಕನ್ನಡಕ ಬಂದು, ಹೊಟ್ಟೆ ಬಂದು, ಮೊಣಕಾಲು ನೋವೂ ಬಂದಿದ್ದರೂ ಅವಳ ಬಾಯಲ್ಲಿ ಅವನಿನ್ನೂ ಪುಟ್ಟನೇ.

ಇಂಥ ಮನೆಗೆ ಕಲೆ ಕಾಲಿಟ್ಟದ್ದು ಸರ್ಕಾರಿ ಆದೇಶದ ಮೂಲಕ.

ಕಚೇರಿಗೆ ಕಂಪ್ಯೂಟರ್ ಬಂತು. ಅದರ ಬೆನ್ನಿಗೇ, ಅವಧಿ ಮೀರಿದ ಕಾಗದಪತ್ರಗಳನ್ನು ವಿಲೇವಾರಿ ಮಾಡತಕ್ಕದ್ದು ಎಂಬ ಆದೇಶವೂ ಬಂತು. ವಿಲೇವಾರಿ ಎಂದರೆ ಹಿತ್ತಿಲ ಗೋಡೆಯ ಪಕ್ಕ ಗುಡ್ಡೆ ಹಾಕುವುದು. ಅಜ್ಜಂದಿರ ಕಾಲದ ಅರ್ಜಿಗಳು, ಸತ್ತವರ ಮೇಲಿನ ದೂರುಗಳು, ದೂರು ಕೊಟ್ಟವರೂ ಸತ್ತ ಮೇಲೆ ಬರೆದ ಉತ್ತರಗಳು, ಎಲ್ಲ ಅಲ್ಲಿ ಬಿದ್ದವು. ಬೇಕಾದವರು ಒಯ್ಯಬಹುದು ಎಂದು ಸಾಹೇಬರೇ ಬಾಯಿಬಿಟ್ಟು ಹೇಳಿದರು. ನೀರು ಕಾಯಿಸುವ ಒಲೆಗಾದೀತು ಎಂದು ಗುಮಾಸ್ತ ದಿನಕ್ಕೊಂದು ಚೀಲ ತುಂಬಿ ತಂದ.

ಆದರೆ ಅಕ್ಕನಿಗೆ ಅವನ್ನು ಒಲೆಗೆ ಹಾಕಲು ಮನಸ್ಸು ಬರಲಿಲ್ಲ.

"ಎಷ್ಟು ಮುದ್ದಾಗಿ ಬರೆದಿದಾರೋ ಪುಟ್ಟ. ಎಷ್ಟು ದಿನ ಕಾದರೋ ಏನೋ ಪಾಪ. ಇದನ್ನ ಸುಡೋದು ಹ್ಯಾಗೆ?"

ಹಾಗೆಂದು ಅವಳು ಕಾಗದಗಳನ್ನು ಹರಿದು, ನೆನೆಸಿ, ಹಿಟ್ಟಿನ ಅಂಟು ಕಾಯಿಸಿ, ಒಂದರ ಮೇಲೊಂದು ಪದರ ಹಚ್ಚಿ ಒಂದು ಕೋಳಿ ಮಾಡಿದಳು. ಸಾಮಾನ್ಯ ಕೋಳಿಯಲ್ಲ. ಕೊಕ್ಕಿನ ಹತ್ತಿರ 'ಮಾನ್ಯರೇ' ಎಂದು ಶುರುವಾಗುತ್ತಿತ್ತು. ಬಾಲದ ಗರಿಗಳ ತುದಿಯಲ್ಲೆಲ್ಲ 'ತಮ್ಮ ವಿಧೇಯ' ಎಂದಿತ್ತು. ಕಣ್ಣಿನ ಜಾಗದಲ್ಲಿ ಕಚೇರಿಯ ದುಂಡು ಮೊಹರು. ತಲೆಯ ಮೇಲಿನ ಜುಟ್ಟಿಗೆ ಅವಳು ಹುಡುಕಿ ಹುಡುಕಿ ಕೆಂಪು ಶಾಯಿಯ 'ತಿರಸ್ಕರಿಸಿದೆ' ಎಂಬ ಷರಾಗಳನ್ನೇ ಕತ್ತರಿಸಿ ನಿಲ್ಲಿಸಿದ್ದಳು. ಕೋಳಿ ಕಿಟಕಿಯ ಮೇಲೆ ಕೂತು, ಯಾರ ಅರ್ಜಿಯನ್ನಾದರೂ ಈಗಲೇ ಕುಕ್ಕಿಬಿಡುವಂತೆ ನೋಡುತ್ತಿತ್ತು.

ಅದನ್ನು ಮೊದಲು ಕಂಡ ಹೊರಗಿನವರು ಎದುರುಮನೆಯ ನಿವೃತ್ತ ಮೇಷ್ಟ್ರು. ಪತ್ರಿಕೆ ಎರವಲು ಪಡೆಯುವ ನೆಪದಲ್ಲಿ ದಿನಾ ಬಂದು ಗುಮಾಸ್ತನನ್ನು ಕೆಣಕಿ ಹೋಗದಿದ್ದರೆ ಅವರಿಗೆ ತಿಂದದ್ದು ಅರಗುತ್ತಿರಲಿಲ್ಲ. 'ಮೊಹರು ಒತ್ತೋದು ಬಿಟ್ಟು ನಿಮ್ಮ ಕೈಗೆ ಇನ್ನೇನು ಬರುತ್ರೀ?' ಎನ್ನುವುದು ಅವರ ಖಾಯಂ ಪ್ರಶ್ನೆ. ಅವತ್ತು ಮೇಷ್ಟ್ರು ಕೋಳಿಯನ್ನು ನೋಡಿದರು, ಕನ್ನಡಕ ಒರೆಸಿಕೊಂಡು ಇನ್ನೊಮ್ಮೆ ನೋಡಿದರು.

"ಏನ್ರೀ ಇದು! ಯಾರು ಮಾಡಿದ್ದು?"

ಗುಮಾಸ್ತ ಬಾಯಿ ತೆರೆದದ್ದು ಅಕ್ಕ ಎನ್ನಲಿಕ್ಕೇ. ಆದರೆ ಮೇಷ್ಟ್ರ ಮುಖದಲ್ಲಿ, ಇಷ್ಟು ವರ್ಷದಲ್ಲಿ ಮೊದಲ ಸಲ, ಅವನ ಬಗ್ಗೆ ಸಣ್ಣದೊಂದು ಗೌರವ ಮೂಡಿ ನಿಂತಿತ್ತು. ಅದನ್ನು ಓಡಿಸಲು ಅವನಿಗೆ ಮನಸ್ಸಾಗಲಿಲ್ಲ.

"ಹೀಗೇ... ಬಿಡುವಾದಾಗ... ಮಾಡಿದ್ದು," ಎಂದ.

ಓದುಗರು ಗಮನಿಸಬೇಕು: ಅವನು ಸುಳ್ಳು ಹೇಳಲಿಲ್ಲ. ಆ ವಾಕ್ಯದಲ್ಲಿ ಮಾಡಿದವರು ಯಾರು ಎಂಬುದೇ ಇಲ್ಲ. ಕನ್ನಡ ಇಂಥ ವಿಷಯದಲ್ಲಿ ಬಲು ಉದಾರಿ. ಪರಿಶೀಲಿಸಲಾಗಿದೆ, ಕ್ರಮ ಕೈಗೊಳ್ಳಲಾಗಿದೆ ಎಂದು ಜೀವಮಾನವಿಡೀ ಬರೆದವನಿಗೆ ಕರ್ತೃವಿಲ್ಲದೆ ವಾಕ್ಯ ಮುಗಿಸುವುದು ನೀರು ಕುಡಿದಷ್ಟು ಸಲೀಸು.

ಅಕ್ಕ ಚಹದ ಲೋಟ ಹಿಡಿದು ಬಾಗಿಲಲ್ಲೇ ನಿಂತಿದ್ದಳು. ಲೋಟ ಮೇಜಿನ ಮೇಲಿಟ್ಟು ಒಳಗೆ ಹೋದಳು. ಮೇಷ್ಟ್ರು ಹೋದ ಮೇಲೆ ನಗುತ್ತಾ, "ಕೋಳಿ ಚೆನ್ನಾಗಿ ಮಾಡಿದೀಯ ಬಿಡೋ ಪುಟ್ಟ," ಎಂದಳು. ಅವನೂ ನಕ್ಕ. ನಾಳೆ ಮೇಷ್ಟ್ರಿಗೆ ಹೇಳಿಬಿಟ್ಟರಾಯಿತು ಎಂದುಕೊಂಡ.

ನಾಳೆ ಎಂಬುದು ದಾಖಲೆ ಕೋಣೆಯವರ ನಾಲಿಗೆಯಲ್ಲಿ ಬಹಳ ದೊಡ್ಡ ಕಾಲಮಾನ. ಅಷ್ಟರಲ್ಲಿ ಮೇಷ್ಟ್ರು ಬೀದಿಗೆಲ್ಲ ಹೇಳಿಯಾಗಿತ್ತು. ತರಕಾರಿಯವಳು ತಕ್ಕಡಿ ಕೈಯಲ್ಲೇ ಹಿಡಿದು ಬಂದು ಕೋಳಿ ನೋಡಿದಳು. ಕ್ಷೌರಿಕ ಗುಮಾಸ್ತನ ಕೂದಲು ಕತ್ತರಿಸುತ್ತಾ, "ಕಲಾವಿದರ ಕೂದಲನ್ನ ಇಷ್ಟು ಗಿಡ್ಡ ಮಾಡಬಾರದು ಸಾರ್," ಎಂದು ಅರ್ಧಕ್ಕೇ ನಿಲ್ಲಿಸಿಬಿಟ್ಟ. ಆ ಅರ್ಧ ತಲೆಯಲ್ಲೇ ಗುಮಾಸ್ತ ಕಚೇರಿಗೆ ಹೋದಾಗ ಸಾಹೇಬರಿಂದ ಕರೆ ಬಂತು.

"ನೀವು ಕಲಾವಿದರಂತೆ! ಹೇಳೇ ಇಲ್ವಲ್ರೀ. ಹೊಸ ಕಟ್ಟಡದ ಬಾಗಿಲಿಗೆ ಏನಾದ್ರೂ ಇಡಬೇಕು ಅಂತಿದ್ದೆ. ಒಂದು ಕುದುರೆ ಮಾಡಿಕೊಡಿ. ದೊಡ್ಡದು. ಓಡ್ತಾ ಇರಬೇಕು. ನಮ್ಮ ಕಚೇರಿಯ ವೇಗ ಅದರಲ್ಲಿ ಕಾಣಬೇಕು."

ಕಚೇರಿಯ ವೇಗವನ್ನು ತೋರಿಸಲು ಕುದುರೆ ಸರಿಯಾದ ಪ್ರಾಣಿಯೇ ಎಂಬ ಸಂದೇಹ ಗುಮಾಸ್ತನಿಗೆ ಬಂತು. ಅದನ್ನು ನುಂಗಿಕೊಂಡ. ಸಂಜೆ ಮನೆಗೆ ಬಂದು, ಒಂದು ಲೋಟ ನೀರು ಕೇಳುವಂತೆ ಕೇಳಿದ: "ಅಕ್ಕಾ, ಒಂದು ಕುದುರೆ ಬೇಕಿತ್ತು."

"ಯಾರಿಗೋ?"

"ಸಾಹೇಬರಿಗೆ."

"ಯಾರು ಮಾಡ್ತಾರೆ ಅಂತ ಹೇಳಿದೀಯ?"

"ಮನೇಲಿ ಆಗುತ್ತೆ ಅಂದಿದೀನಿ."

ಅಕ್ಕ ಅವನ ಮುಖವನ್ನು ಸ್ವಲ್ಪ ಹೊತ್ತು ನೋಡಿದಳು. ಗುಮಾಸ್ತನ ಹೆಂಡತಿ ಬಟ್ಟೆ ಮಡಿಸುತ್ತಿದ್ದವಳು ಕೈ ನಿಲ್ಲಿಸಿದಳು. "ರೀ, ಈಗ್ಲೇ ಹೇಳಿಬಿಡಿ. ಈ ಸುಳ್ಳು ಆ ಕುದುರೆಗಿಂತ ದೊಡ್ಡದಾದ್ರೆ ಬಾಗಿಲಲ್ಲಿ ಹೊರಗೆ ಹೋಗಲ್ಲ."

"ನಾನೆಲ್ಲಿ ಸುಳ್ಳು ಹೇಳಿದೆ?"

"ಹೋಗ್ಲಿ ಬಿಡಮ್ಮ," ಎಂದಳು ಅಕ್ಕ. "ಕುದುರೆ ಮಾಡೋಕೆ ನನಗೂ ಆಸೆ ಇದೆ." ಹಾಗೆನ್ನುವಾಗ ಅವಳ ಬೆರಳುಗಳು ಆಗಲೇ ಗಾಳಿಯಲ್ಲಿ ಏನನ್ನೋ ಅಳೆಯುತ್ತಿದ್ದವು.

ಮನೆಯ ನಡುಕೋಣೆ ಕುದುರೆಲಾಯವಾಯಿತು. ತಂತಿ ಬಾಗಿಸಿ, ಬಿದಿರು ಕಡ್ಡಿ ಕಟ್ಟಿ ಅಕ್ಕ ಎಲುಬು ನಿಲ್ಲಿಸಿದಳು. ಅದರ ಮೇಲೆ ಕಂದಾಯದ ತೆಳು ಕಾಗದ, ಅದರ ಮೇಲೆ ನಕಲು ಪ್ರತಿಗಳ ಒರಟು ಕಾಗದ. ಮಲಗಲು ಜಾಗವಿಲ್ಲದೆ ಗುಮಾಸ್ತ ಕುದುರೆಯ ಕಾಲುಗಳ ನಡುವೆ ಚಾಪೆ ಹಾಸಿದ. ಇಷ್ಟಾದರೂ ತೊಂದರೆಯಿರಲಿಲ್ಲ, ತೊಂದರೆ ಕೊಟ್ಟವರು ಮೇಷ್ಟ್ರು. ಕಲಾವಿದ ಕೆಲಸ ಮಾಡುವುದನ್ನು ಕಣ್ಣಾರೆ ಕಾಣಬೇಕೆಂದು ಒಂದು ಭಾನುವಾರ ಹೇಳದೆ ಕೇಳದೆ ಬಂದುಬಿಟ್ಟರು.

ಬಾಗಿಲು ಬಡಿದ ಸದ್ದಿಗೆ ಗುಮಾಸ್ತ ಅಂಟಿನ ಪಾತ್ರೆಯಲ್ಲಿ ಎರಡೂ ಕೈಗಳನ್ನು ಮೊಣಕೈವರೆಗೆ ಅದ್ದಿ ಕುದುರೆಯ ಮುಂದೆ ಕುಕ್ಕರುಗಾಲಲ್ಲಿ ಕೂತ. ಅಕ್ಕ ಅದರ ಹೊಟ್ಟೆಯ ಆಚೆ ಪದರ ಹಚ್ಚುತ್ತಿದ್ದವಳು ಅಲ್ಲೇ ಉಳಿದಳು. ಎದ್ದು ಹೋಗಲು ದಾರಿ ಇರಲಿಲ್ಲ.

"ಕಾಲು ಇಷ್ಟು ಸಣ್ಣ. ಅಷ್ಟು ದೊಡ್ಡ ಮೈ ಹೊತ್ಕೊಂಡು ಹ್ಯಾಗ್ರೀ ನಿಂತಿದೆ?" ಎಂದು ಮೇಷ್ಟ್ರು ಕೇಳಿದರು.

ಹೊಟ್ಟೆಯ ಆಚೆಯಿಂದ ಪಿಸುಮಾತು ಬಂತು: "ಒಳಗೆ ತಂತಿ ಇದೆ ಅನ್ನು."

"ಒಳಗೆ ತಂತ್ರ ಇದೆ," ಎಂದ ಗುಮಾಸ್ತ.

"ಓಹೋ! ತಂತ್ರ!" ಮೇಷ್ಟ್ರು ಮೈಮರೆತರು. "ಇದು ಒಣಗೋಕೆ ಎಷ್ಟು ದಿನ ಬೇಕು?"

"ಬಿಸಿಲು ನೋಡ್ಕೊಂಡು," ಎಂದಿತು ಹೊಟ್ಟೆ.

"ಬಿಸಿಲು ನೋಡ್ಕೊಂಡು," ಎಂದು ಗುಮಾಸ್ತ ಕಿಟಕಿಯಾಚೆ ಕಣ್ಣು ಕಿರಿದು ಮಾಡಿ ದೂರಕ್ಕೆ ನೋಡಿದ. ಆ ನೋಟ ಕಂಡು ಮೇಷ್ಟ್ರಿಗೆ ಅವನ ಮೇಲಿದ್ದ ಕೊನೆಯ ಅನುಮಾನವೂ ಹೋಯಿತು. ಅವರು ಅವನಿಗೆ ಕೈಮುಗಿದರು. ಹೊಟ್ಟೆಯ ಆಚೆ ಅಕ್ಕ ನಗು ತಡೆಯಲು ಬಾಯಿಗೆ ಬಟ್ಟೆ ತುರುಕಿಕೊಂಡಿದ್ದಳು. ಮೇಷ್ಟ್ರು ಹೋದ ಮೇಲೆ ಅಕ್ಕ, ಗುಮಾಸ್ತ, ಹೆಂಡತಿ ಮೂವರೂ ಕೂತು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಆ ಮನೆಯಲ್ಲಿ ಅಷ್ಟು ನಗು ಕೇಳಿದ್ದು ಅದೇ ಕೊನೆ.

ಕುದುರೆ ಸಿದ್ಧವಾಯಿತು. ಆದರೆ ಅದು ಓಡುತ್ತಿರಲಿಲ್ಲ. ತಲೆ ತಗ್ಗಿಸಿ, ಒಂದು ಹಿಂಗಾಲನ್ನು ಸ್ವಲ್ಪ ಎತ್ತಿ, ಭಾರವೆಲ್ಲ ಉಳಿದ ಮೂರರ ಮೇಲೆ ಬಿಟ್ಟು ನಿಂತಿತ್ತು. ಹೊಸ ಕಟ್ಟಡದ ಬಾಗಿಲಲ್ಲಿ ಅದನ್ನು ಇಳಿಸಿದಾಗ ಸಾಹೇಬರು ಸುತ್ತು ಹಾಕಿ ಬಂದು ಹುಬ್ಬು ಗಂಟಿಕ್ಕಿದರು.

"ಓಡ್ತಾ ಇಲ್ವಲ್ರೀ?"

"ಓಡಿ ಬಂದು ನಿಂತಿದೆ ಸಾರ್."

"ಹಾಂ! ಅಂದ್ರೆ ಕೆಲಸ ಮುಗಿದಿದೆ ಅಂತ. ಭೇಷ್!"

ಸಾಹೇಬರಿಗೆ ಒಪ್ಪಿಗೆಯಾದದ್ದು ಸಾರ್ವಜನಿಕರಿಗೆ ಬೇರೆ ರೀತಿ ಕಂಡಿತು. ಮೊದಲ ದಿನವೇ ಯಾರೋ, "ಕಚೇರಿ ಬಾಗಿಲಲ್ಲಿ ಕತ್ತೆ ಯಾಕೆ ನಿಲ್ಲಿಸಿದಾರೆ?" ಎಂದರು. ಎರಡನೆಯವರು, "ಅರ್ಜಿ ತಿಂದು ತಿಂದು ಜೀರ್ಣವಾಗದೆ ನಿಂತಿದೆ," ಎಂದರು. ಮೂರನೆಯವರು ಪತ್ರಿಕೆಯವರು, ಅವರು ಏನೂ ಅನ್ನಲಿಲ್ಲ, ಫೋಟೋ ತೆಗೆದರು. ಮರುದಿನ ಪತ್ರಿಕೆಯಲ್ಲಿ ಕುದುರೆಯ ಚಿತ್ರ, ಅದರ ಕೆಳಗೆ 'ನಮ್ಮ ಕಚೇರಿಯ ನಿಜರೂಪ' ಎಂಬ ದಪ್ಪಕ್ಷರ.

ಆಮೇಲೆ ಜನ ಬಂದದ್ದೇ ಬಂದದ್ದು. ಕುದುರೆಯ ಮೈಮೇಲಿನ ಅಕ್ಷರಗಳನ್ನು ಬಗ್ಗಿ, ಎದ್ದು, ಕೆಲವರು ಅಂಗಾತ ಮಲಗಿ ಓದತೊಡಗಿದರು. ಒಬ್ಬ ಮುದುಕರು ಅದರ ಪಕ್ಕೆಯ ಮೇಲೆ ತಮ್ಮ ಅಪ್ಪ ಕೊಟ್ಟಿದ್ದ ನಲ್ಲಿ ಅರ್ಜಿಯನ್ನು ಕಂಡು, "ಸಿಕ್ತು! ಸಿಕ್ತು!" ಎಂದು ಕುಣಿದರು. ಇದರ ಮೇಲೆ ಏನು ಕ್ರಮವಾಯಿತು ಎಂದು ಜವಾನನನ್ನು ಕೇಳಿದರು. ಜವಾನ ಹಿರಿಯ, ಸಾವಧಾನದ ಮನುಷ್ಯ. "ಕುದುರೆ ಆಯ್ತಲ್ಲ ಯಜಮಾನ್ರೇ," ಎಂದ. ಮುದುಕರು ಕುದುರೆಯ ಬಾಲ ಹಿಡಿದು, ನಲ್ಲಿ ಬರುವವರೆಗೂ ಬಿಡುವುದಿಲ್ಲ ಎಂದು ಅಲ್ಲೇ ಕೂತರು. ಅವರ ಹಿಂದೆ ಒಂದು ಸಾಲು ಬೆಳೆಯಿತು. ಸಾಲು ಕಂಡವರೆಲ್ಲ ಯಾತಕ್ಕೆಂದು ಕೇಳದೆ ಸಾಲಿಗೆ ಸೇರಿದರು.

ಮೇಲಿನಿಂದ ಸಾಹೇಬರಿಗೆ ಫೋನು ಬಂತು. ಸಾಹೇಬರು ನಿಂತುಕೊಂಡೇ ಮಾತಾಡಿದರು. ಫೋನು ಇಟ್ಟ ಮೇಲೂ ಸ್ವಲ್ಪ ಹೊತ್ತು ನಿಂತೇ ಇದ್ದರು. ಮೂರನೆಯ ದಿನ ತನಿಖಾಧಿಕಾರಿ ಬಂದರು: ತೆಳ್ಳನೆಯ, ಕೆಮ್ಮುತ್ತಿರುವ ಮನುಷ್ಯ, ನಗುವುದನ್ನು ಯಾವುದೋ ಹಳೆಯ ಸುತ್ತೋಲೆಯ ಪ್ರಕಾರ ನಿಲ್ಲಿಸಿದವರಂತೆ ಕಾಣುತ್ತಿದ್ದರು. ಸರ್ಕಾರಿ ದಾಖಲೆಗಳ ನಾಶ ಮತ್ತು ಸರ್ಕಾರಕ್ಕೆ ಅವಮಾನ, ಇವೆರಡು ವಿಷಯ.

"ನಾನು ಕೇಳಿದ್ದು ಕುದುರೆ," ಎಂದರು ಸಾಹೇಬರು. "ಕತ್ತೆ ಕೊಟ್ಟದ್ದು ಇವರು."

ತನಿಖಾಧಿಕಾರಿ ಗುಮಾಸ್ತನ ಕಡೆ ತಿರುಗಿದರು. "ಇದನ್ನ ಮಾಡಿದ್ದು ಯಾರು?"

"ಮನೇಲಿ... ಬಿಡುವಾದಾಗ..."

"ಬಿಡುವಾದಾಗ ಅಲ್ಲ. ಯಾರು? ಕೆಲಸ ಹೋಗೋ ವಿಷಯ ಇದು. ನೀವಾ?"

ಗುಮಾಸ್ತನ ಕಣ್ಣ ಮುಂದೆ ಅವನ ಕುರ್ಚಿ, ಅವನ ಮೇಜು, ಮುಂದೆ ಬರಬೇಕಾದ ಪಿಂಚಣಿ ಎಲ್ಲ ನಾಲ್ಕು ಕಾಲಿನ ಮೇಲೆ ಓಡಿ ಹೋಗುವುದು ಕಾಣಿಸಿತು. ಬಾಯಿಂದ ಮಾತು ತಾನಾಗಿಯೇ ಹಾರಿತು:

"ನಾನಲ್ಲ ಸಾರ್. ನಮ್ಮಕ್ಕ ಇದನ್ನ ಮಾಡಿದ್ದು!"

ಕರ್ತೃ, ಕರ್ಮ, ಕ್ರಿಯೆ, ಎಲ್ಲ ಅದರದರ ಜಾಗದಲ್ಲಿದ್ದವು. ಬೀದಿಯೆಲ್ಲ ಹೊಗಳುವಾಗ, ಸಾಹೇಬರು ಭೇಷ್ ಎನ್ನುವಾಗ, ಮೇಷ್ಟ್ರು ಕೈಮುಗಿಯುವಾಗ ಗಂಟಲಲ್ಲಿ ಸಿಕ್ಕಿಕೊಂಡಿದ್ದ ಹೆಸರು ಈಗ ಎಷ್ಟು ಸರಾಗವಾಗಿ ಬಂತೆಂದರೆ ಗುಮಾಸ್ತನೇ ಬೆಚ್ಚಿಬಿದ್ದ.

"ನಾಳೆ ಕರಕೊಂಡು ಬನ್ನಿ," ಎಂದರು ತನಿಖಾಧಿಕಾರಿ.

ಸಂಜೆ ಅಕ್ಕ ಹೊಸ್ತಿಲ ಮೇಲೆ ಕೂತು ಉಳಿದ ಕಾಗದದ ಚೂರುಗಳಿಂದ ಒಂದು ಗುಬ್ಬಚ್ಚಿ ಮಾಡುತ್ತಿದ್ದಳು. ಗುಮಾಸ್ತ ಚಪ್ಪಲಿ ಬಿಡದೆಯೇ ನಿಂತ.

"ಅಕ್ಕಾ, ನಾಳೆ ನೀನು ಕಚೇರಿಗೆ ಬರಬೇಕಂತೆ."

"ನಾನಾ? ಯಾಕೋ?"

"ಕುದುರೆ ಮಾಡಿದ್ದು ನೀನು ಅಂತ... ಹೇಳಿದೆ."

ಅಕ್ಕನ ಕೈಯಲ್ಲಿದ್ದ ಗುಬ್ಬಚ್ಚಿ ಕೆಳಗೆ ಬಿತ್ತು. "ಹೇಳಿದ್ಯಾ? ಪುಟ್ಟಾ! ನೀನೇ ಹೇಳಿದ್ಯಾ?" ಎಂದಳು. ಅವಳ ಮುಖ ಅರಳಿದ್ದನ್ನು ಗುಮಾಸ್ತ ನೋಡಿದ. ಅವನ ಬಾಯಲ್ಲಿ ಇನ್ನೊಂದು ವಾಕ್ಯ ಕಾದಿತ್ತು. ಅದು ತಿರುಗಿ ಹೊಟ್ಟೆಗೆ ಹೋಯಿತು. "ಯಾರು ಯಾರು ಇರ್ತಾರೋ ಅಲ್ಲಿ?" ಎಂದು ಅವಳು ಕೇಳಿದಳು. "ದೊಡ್ಡವರು," ಎಂದ. ಅದೂ ಸುಳ್ಳಲ್ಲ.

ಹೆಂಡತಿ ಅವನನ್ನು ಅಡುಗೆಮನೆಗೆ ಎಳೆದುಕೊಂಡು ಹೋಗಿ, ಮುಖ ನೋಡಿಯೇ ಅರ್ಧ ತಿಳಿದುಕೊಂಡು ಉಳಿದರ್ಧವನ್ನು ಬಾಯಿ ಬಿಡಿಸಿದಳು. ಕೇಳಿ ಮುಗಿಸಿ ಹಣೆ ಹಣೆ ಚಚ್ಚಿಕೊಂಡಳು.

"ಅವರು ಸನ್ಮಾನ ಅಂದ್ಕೊಂಡಿದಾರೆ ರೀ! ಹೋಗಿ ಹೇಳಿ."

"ದಾರೀಲಿ ಹೇಳ್ತೀನಿ."

ಬೆಳಗ್ಗೆ ಅಕ್ಕ ಪೆಟ್ಟಿಗೆಯ ತಳದಲ್ಲಿ ಎತ್ತಿಟ್ಟಿದ್ದ ಒಳ್ಳೆಯ ಬಟ್ಟೆ ಉಟ್ಟಳು. ಅದರ ಮಡಿಕೆಯ ಗೆರೆಗಳು ಹೋಗಿರಲಿಲ್ಲ. ಸಾಹೇಬರಿಗೆ ಕೊಡಲೆಂದು ಗುಬ್ಬಚ್ಚಿಯನ್ನು ಒಂದು ಸಣ್ಣ ಡಬ್ಬಿಯಲ್ಲಿ ಹತ್ತಿಯ ಮೇಲಿಟ್ಟುಕೊಂಡಳು. ಬಸ್ಸಿನಲ್ಲಿ ಕಂಡಕ್ಟರನಿಗೆ, ಅವನು ಕೇಳದಿದ್ದರೂ, "ನಮ್ಮ ತಮ್ಮನ ಕಚೇರಿಗಪ್ಪ, ನನ್ನ ಕರೆಸಿದಾರೆ," ಎಂದಳು. ಗುಮಾಸ್ತ ಪ್ರತಿ ನಿಲ್ದಾಣದಲ್ಲೂ ಬಾಯಿ ತೆರೆದ. ಪ್ರತಿ ನಿಲ್ದಾಣದಲ್ಲೂ ಅವಳು ಏನಾದರೊಂದು ಕೇಳಿದಳು: ಸಾಹೇಬರ ಮುಂದೆ ಕೂತ್ಕೋಬಹುದಾ? ಚಪ್ಪಲಿ ಹೊರಗೆ ಬಿಡಬೇಕಾ? ಕೈ ಒರಟಾಗಿದೆ, ಏನಂದ್ಕೋತಾರೋ? ಬಸ್ಸು ನಿಂತಿತು. ಇಳಿಯಬೇಕಾಯಿತು.

ತನಿಖೆಯ ಕೋಣೆಯಲ್ಲಿ ಒಂದು ಮೇಜು, ಅದರಾಚೆ ತನಿಖಾಧಿಕಾರಿ, ಪಕ್ಕದಲ್ಲಿ ಬರೆದುಕೊಳ್ಳಲು ಒಬ್ಬರು. ಅಕ್ಕ ಕೈಮುಗಿದು, ಡಬ್ಬಿ ತೆರೆದು ಗುಬ್ಬಚ್ಚಿಯನ್ನು ಮೇಜಿನ ಮೇಲಿಟ್ಟಳು. ತನಿಖಾಧಿಕಾರಿ ಅದನ್ನು ಪೆನ್ನಿನ ತುದಿಯಿಂದ ತಿರುಗಿಸಿ ನೋಡಿ, "ಇನ್ನೊಂದು," ಎಂದರು. ಬರೆಯುವವರು ಬರೆದುಕೊಂಡರು.

"ಆ ಪ್ರಾಣಿ ಮಾಡಿದ್ದು ನೀವೇನಾ?"

"ಹೌದು ಸ್ವಾಮಿ, ನಾನೇ," ಎಂದಳು ಅಕ್ಕ. ಆ ಮಾತು ಹೇಳುವಾಗ ಅವಳ ಬೆನ್ನು ನೇರವಾಯಿತು.

"ಕಾಗದಗಳನ್ನ ಹರಿದವರು?"

"ನಾನೇ. ಕತ್ತರಿ ಹಾಕಬಾರದು ಸ್ವಾಮಿ. ಕೈಯಲ್ಲೇ ಹರಿದ್ರೆ ಅಂಚು ಒಂದಕ್ಕೊಂದು ಕೂಡಿಕೊಳ್ಳುತ್ತೆ. ಹರಿದು ನೀರಲ್ಲಿ ನೆನೆಸಿಡೋದು. ಶಾಯಿ ಬಿಟ್ಟುಹೋಗದ ಹಾಗೆ ನೋಡ್ಕೋಬೇಕು."

"ಎಷ್ಟು ಕಡತ ಹರಿದಿರಬಹುದು?"

"ಅಯ್ಯೋ, ಲೆಕ್ಕ ಇಟ್ಟಿದೀನಾ! ಚೀಲಗಟ್ಟಲೆ. ಇವನು ತಂದುಕೊಡೋನು, ನಾನು ಹರಿಯೋಳು." ಅವಳು ತಮ್ಮನ ಕಡೆ ನೋಡಿ ಅಕ್ಕರೆಯಿಂದ ನಕ್ಕಳು. ಗುಮಾಸ್ತ ಗೋಡೆಯ ಗಡಿಯಾರ ನೋಡುತ್ತಿದ್ದ.

"ಸರ್ಕಾರದ ಬಾಗಿಲಿಗೆ ಕತ್ತೆ ಮಾಡಬೇಕು ಅಂತ ಯಾಕನ್ನಿಸ್ತು?"

ಅಕ್ಕ ಗಾಬರಿಯಾಗಲಿಲ್ಲ, ಸ್ವಲ್ಪ ನೊಂದಳು. "ಕತ್ತೆ ಅಲ್ಲ ಸ್ವಾಮಿ. ದಣಿದ ಕುದುರೆ. ನಾವು ಸಣ್ಣವರಿದ್ದಾಗ ನಮ್ಮ ಬೀದಿ ಕೊನೇಲಿ ಗಾಡಿ ಕುದುರೆ ಇತ್ತು. ದಿನಾ ಭಾರ ಎಳೆದು ಬಂದು, ಲಗಾಮು ಬಿಚ್ಚಿದ ಮೇಲೂ ಅದಕ್ಕೆ ಗೊತ್ತಾಗ್ತಿರಲಿಲ್ಲ, ಹೀಗೇ ತಲೆ ತಗ್ಗಿಸಿ ನಿಂತಿರ್ತಿತ್ತು. ನಾನು ಹತ್ತಿರದಿಂದ ನೋಡಿದ ಕುದುರೆ ಅದೊಂದೇ. ಈ ಕಾಗದಗಳನ್ನ ಓದ್ತಾ ಓದ್ತಾ ಅದೇ ನೆನಪಾಗೋದು. ಅದಕ್ಕೇ ಅದನ್ನೇ ಮಾಡಿದೆ."

ಬರೆಯುವವರ ಪೆನ್ನು ಒಂದು ಕ್ಷಣ ನಿಂತಿತು. ತನಿಖಾಧಿಕಾರಿ ಕೆಮ್ಮಿದರು. ಪೆನ್ನು ಮತ್ತೆ ಓಡಿತು. ಕೊನೆಗೆ ಹಾಳೆಯನ್ನು ಅವಳ ಮುಂದೆ ಸರಿಸಿದರು. ಅಕ್ಕ ಕನ್ನಡಕವಿಲ್ಲದೆ ಓದಲಾರಳು. ಓದುವ ಅಗತ್ಯವೂ ಕಾಣಲಿಲ್ಲ. ತನ್ನ ಹೆಸರಿನ ಒಂದೊಂದೇ ಅಕ್ಷರವನ್ನು ದುಂಡಗೆ, ದೊಡ್ಡದಾಗಿ ಬರೆದು ಸಹಿ ಹಾಕಿದಳು.

ಹೊರಗೆ ಬಂದಾಗ ಹಿರಿಯ ಜವಾನ ಕುರ್ಚಿ ಬಿಟ್ಟು ಎದ್ದು ನಿಂತ. ಸಮಾಧಾನ ಹೇಳುವುದೇ ಅವನ ಉದ್ದೇಶ.

"ಹೆದರಬೇಡಿ ತಾಯಿ. ಈ ವಯಸ್ಸಿನವರನ್ನ ಜೈಲಿಗೆಲ್ಲ ಹಾಕಲ್ಲ. ಎಚ್ಚರಿಕೆ ಕೊಟ್ಟು ಬಿಡ್ತಾರೆ."

ಅಕ್ಕ ಅವನನ್ನು ನೋಡಿದಳು. ಮುಚ್ಚಿದ ಕೋಣೆಯ ಬಾಗಿಲನ್ನು ನೋಡಿದಳು. ಆಮೇಲೆ ತಮ್ಮನನ್ನು ನೋಡಿದಳು. ಬೈದಿದ್ದರೆ ಗುಮಾಸ್ತ ಬದುಕುತ್ತಿದ್ದ. ಅವಳು ಖಾಲಿ ಡಬ್ಬಿಯ ಮುಚ್ಚಳ ಹಾಕಿ, "ಬಸ್ಸು ಯಾವ ಕಡೆ ನಿಲ್ಲುತ್ತೋ?" ಎಂದು ಮಾತ್ರ ಕೇಳಿದಳು. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು, ಮಡಿಕೆಯ ಗೆರೆಗಳನ್ನು ಅಂಗೈಯಿಂದ ಒತ್ತುತ್ತಾ ಹೋದಳು. ಕಂಡಕ್ಟರ್ ಬೆಳಗಿನವನೇ. "ಏನಮ್ಮಾ, ಹೋದ ಕೆಲಸ ಆಯ್ತಾ?" ಎಂದ. "ಆಯ್ತಪ್ಪ," ಎಂದಳು.

ತನಿಖೆಯ ಫಲ ಹೊರಬಿದ್ದಾಗ ಯಾರಿಗೂ ಏನೂ ಆಗಿರಲಿಲ್ಲ. ವಿಲೇವಾರಿ ಆದೇಶದ ಪ್ರತಿ ಸಿಕ್ಕಿತು. ಕಾಗದಗಳು ದಾಖಲೆಗಳಲ್ಲ, ಕಸ ಎಂದು ತೀರ್ಮಾನವಾಯಿತು. ಅಷ್ಟರಲ್ಲಿ ದೂರದಿಂದ ಬಂದ ಯಾರೋ ದೊಡ್ಡವರು ಕುದುರೆಯ ಮುಂದೆ ಬಹಳ ಹೊತ್ತು ನಿಂತು, ಇಂಥದ್ದನ್ನು ತಾವು ಎಲ್ಲೂ ಕಂಡಿಲ್ಲ ಎಂದುಬಿಟ್ಟರು. ಅಂದಿನಿಂದ ಅದು ಕತ್ತೆಯಾಗಿರುವುದನ್ನು ನಿಲ್ಲಿಸಿತು. ಸಾಹೇಬರು ಅದರ ಪಕ್ಕ ನಿಂತು ಫೋಟೋ ತೆಗೆಸಿಕೊಂಡರು. ಅಕ್ಕನ ಹೇಳಿಕೆಯ ಬಗ್ಗೆ ವರದಿಯಲ್ಲಿ ಎರಡೇ ಸಾಲು: ಸದರಿ ವೃದ್ಧೆಯು ತಮ್ಮನ ಮೇಲಿನ ಮಮತೆಯಿಂದ ತಪ್ಪನ್ನು ತನ್ನ ಮೇಲೆ ಹಾಕಿಕೊಂಡಿರುವಂತೆ ತೋರುತ್ತದೆ. ಆದ್ದರಿಂದ ಆಕೆಯ ಹೇಳಿಕೆಯನ್ನು ಪರಿಗಣಿಸಿರುವುದಿಲ್ಲ.

ಹೀಗಾಗಿ ಸನ್ಮಾನ ಗುಮಾಸ್ತನಿಗೇ ಬಂತು.

ಈ ಸಲವಾದರೂ ಸರಿಮಾಡಬೇಕೆಂದು ಅವನು ಗಟ್ಟಿಮನಸ್ಸು ಮಾಡಿದ. ಸಭೆಗೆ ಬಾ ಎಂದು ಅಕ್ಕನನ್ನು ಕರೆದ. ಅವಳು ತಲೆನೋವು ಎಂದಳು. ವೇದಿಕೆ ಹತ್ತಿ, ಮೈಕಿನ ಮುಂದೆ ನಿಂತು ಹೇಳಿದ: "ಇದನ್ನ ಮಾಡಿದ್ದು ನಾನಲ್ಲ. ನಮ್ಮಕ್ಕ. ಮೊದಲಿಂದ ಕೊನೆವರೆಗೆ ಎಲ್ಲ ಅವಳೇ. ನಾನು ಕಾಗದ ಹೊತ್ತು ತಂದೆ, ಅಷ್ಟೆ."

ಸಭೆ ಎದ್ದು ನಿಂತಿತು. ಆಮೇಲೆ ಚಪ್ಪಾಳೆ. ಎಂಥ ಚಪ್ಪಾಳೆ! ಮುಂದಿನ ಸಾಲಿನಲ್ಲಿದ್ದ ಮೇಷ್ಟ್ರು ಕಣ್ಣೊರೆಸಿಕೊಂಡರು. "ನೋಡಿದ್ರಾ ವಿನಯ! ಸಾಕಿದ ಅಕ್ಕನಿಗೆ ಪೂರ್ತಿ ಕೀರ್ತೀನ ಒಪ್ಪಿಸಿಬಿಟ್ರು!"

"ವಿನಯ ಅಲ್ಲ ಮೇಷ್ಟ್ರೇ, ನಿಜ!" ಎಂದು ಗುಮಾಸ್ತ ಮೈಕಿನಲ್ಲೇ ಕೂಗಿದ.

"ಇದೇ ನೋಡಿ ನಿಜವಾದ ವಿನಯ," ಎಂದು ಸಾಹೇಬರು ಅವನ ಬೆನ್ನು ತಟ್ಟಿ ಮೈಕು ಕಿತ್ತುಕೊಂಡರು.

ಚೌಕಟ್ಟು ಹಾಕಿದ ಪ್ರಶಸ್ತಿ ಪತ್ರವನ್ನು ತಂದು ಅವನು ಅಕ್ಕನ ಮುಂದೆ ಹಿಡಿದ. "ಎಲ್ಲರಿಗೂ ಹೇಳಿದೆ ಅಕ್ಕಾ. ಯಾರೂ ನಂಬಲಿಲ್ಲ."

ಅಕ್ಕ ಅದನ್ನು ದೂರ ಹಿಡಿದು ನೋಡಿದಳು. "ನಿನ್ನ ಹೆಸರು ಚೆನ್ನಾಗಿ ಬರೆದಿದಾರೆ. ಗೋಡೆಗೆ ಹಾಕು," ಎಂದು ವಾಪಸು ಕೊಟ್ಟಳು. ಎರಡು ಹೆಜ್ಜೆ ಹೋಗಿ ತಿರುಗಿದಳು. "ಮೊಳೆ ಮಾತ್ರ ನೀನೇ ಹೊಡ್ಕೋ."

ಮರುದಿನ ನೀರು ಕಾಯಿಸುವ ಒಲೆಯಲ್ಲಿ ಉರಿ ಚೆನ್ನಾಗಿ ಏಳುತ್ತಿತ್ತು. ಗುಮಾಸ್ತ ಬಗ್ಗಿ ನೋಡಿದ. ಮೂಲೆಯಲ್ಲಿ ಉಳಿದಿದ್ದ ಚೀಲದಿಂದ ಅಕ್ಕ ಅರ್ಜಿಗಳನ್ನು ಒಂದೊಂದಾಗಿ ತೆಗೆದು, ಓದದೆ, ಒಳಗೆ ತಳ್ಳುತ್ತಿದ್ದಳು.

"ಅಕ್ಕಾ, ಅದನ್ನ... ಏನಾದ್ರೂ ಮಾಡಬಹುದಿತ್ತಲ್ಲ?"

"ಸ್ನಾನಕ್ಕೆ ನೀರು ಬೇಡ್ವೇನೋ?" ಎಂದಳು.

ಗುಮಾಸ್ತ ಸತ್ಯ ಹೇಳುತ್ತಾ ತಿರುಗಿದ. ಕ್ಷೌರಿಕನಿಗೆ ಹೇಳಿದ, ತರಕಾರಿಯವಳಿಗೆ ಹೇಳಿದ, ಬಸ್ಸಿನಲ್ಲಿ ಪಕ್ಕ ಕೂತವರಿಗೆ ಅವರು ಇಳಿಯುವವರೆಗೂ ಹೇಳಿದ. ಹೇಳಿದಷ್ಟೂ ಅವನ ವಿನಯದ ಕೀರ್ತಿ ಬೆಳೆಯಿತು. ಮಕ್ಕಳಿಗೆ ನಡತೆ ಕಲಿಸಬೇಕಾದ ತಾಯಂದಿರು ಅವನತ್ತ ಬೆರಳು ತೋರಿಸತೊಡಗಿದರು. ಕೊನೆಗೆ ಹೆಂಡತಿಯೇ, "ಸಾಕು ನಿಲ್ಲಿಸ್ರೀ. ನೀವು ಒಂದ್ಸಲ ನಿಜ ಹೇಳಿದ್ರೆ ನಿಮ್ಮ ಹೆಸರು ಹತ್ತು ಪಟ್ಟು ಆಗುತ್ತೆ. ಅಕ್ಕನಿಗೆ ಅದೂ ಕೇಳಿಸ್ತಾ ಇದೆ," ಎಂದಳು. ಅವನು ನಿಲ್ಲಿಸಿದ.

ಕೆಲವು ತಿಂಗಳಾದ ಮೇಲೆ ಒಂದು ಮಧ್ಯಾಹ್ನ ಚಿತ್ರಕಲಾ ಶಾಲೆಯ ಮೇಡಂ ಒಬ್ಬರು ಮನೆ ಹುಡುಕಿಕೊಂಡು ಬಂದರು. ಕುದುರೆಯನ್ನು ನೋಡಲು ಎರಡು ಸಲ ಹೋಗಿದ್ದರಂತೆ. "ಅದನ್ನ ಮಾಡಿದವರನ್ನ ಒಂದ್ಸಲ ನೋಡಬೇಕಿತ್ತು. ನಮ್ಮಲ್ಲಿ ಬಂದು ಕಲಿಸ್ತಾರಾ ಅಂತ ಕೇಳೋಕೆ ಬಂದೆ," ಎಂದರು.

ಗುಮಾಸ್ತನಿಗೆ ಆಸೆ ಚಿಗುರಿತು. ಇವರು ಸಾಹೇಬರಲ್ಲ, ಮೇಷ್ಟ್ರಲ್ಲ. ಅಕ್ಕನ ಕೈ ನೋಡಿದರೆ ಸಾಕು, ಇವರಿಗೆ ತಿಳಿದೀತು. "ಬನ್ನಿ ಬನ್ನಿ, ಒಳಗಿದಾಳೆ," ಎಂದು ಅವನು ಮುಂದೆ ಓಡಿ, "ಅಕ್ಕಾ! ಅಕ್ಕಾ, ಬಾ ಇಲ್ಲಿ!" ಎಂದು ಕೂಗಿದ.

ಅಕ್ಕ ಒದ್ದೆ ಕೈಯನ್ನು ಒರೆಸಿಕೊಳ್ಳುತ್ತಾ ಬಾಗಿಲಿಗೆ ಬಂದಳು. ಮೇಡಂ ಕೈಮುಗಿದು, "ಕುದುರೆ ಮಾಡಿದ್ದು ನೀವೇನಾ?" ಎಂದು ಕೇಳಿದರು.

ಅದೇ ಪ್ರಶ್ನೆ. ಅಕ್ಕ ಬೆರಳುಗಳನ್ನು ಒಂದೊಂದಾಗಿ ಒರೆಸಿಕೊಂಡಳು.

"ಇಲ್ಲಮ್ಮ," ಎಂದಳು. "ಇವನೇ ಮಾಡೋದು. ನಾನು ಅಂಟು ಕಾಯಿಸಿಕೊಡ್ತೀನಿ, ಅಷ್ಟೆ."

"ಅಕ್ಕಾ!"

"ನಾಚಿಕೆ ಸ್ವಭಾವ ಇವನಿಗೆ. ಕೂತ್ಕೊಳ್ಳಿ, ಚಹ ತರ್ತೀನಿ," ಎಂದು ಒಳಗೆ ಹೋದಳು. ದನಿಯಲ್ಲಿ ಸಿಟ್ಟಿರಲಿಲ್ಲ, ಕೊಂಕಿರಲಿಲ್ಲ. ಆಡುವ ಮಗುವಿಗೆ ಅದು ಹಟ ಹಿಡಿದ ಆಟಿಕೆಯನ್ನು ಕೊಟ್ಟು ಎದ್ದುಹೋಗುವವರ ದನಿ ಅದು.

ಮೇಡಂ ಗುಮಾಸ್ತನ ಎದುರು ಕೂತು, ತಮ್ಮ ಚೀಲದಿಂದ ಒಂದು ಹಾಳೆ ತೆಗೆದು ಅವನ ಮುಂದಿಟ್ಟರು. "ಏನಾದ್ರೂ ಚಿಕ್ಕದು, ಒಂದು ಹಕ್ಕಿ ಮಾಡಿ ತೋರಿಸಿ ಸಾರ್," ಎಂದರು. ಅವನು ನಾನಲ್ಲ ಎನ್ನಲು ಹೋದ. ಆ ಮಾತನ್ನು ಈಗಾಗಲೇ ಎಷ್ಟು ಸಲ ಖರ್ಚು ಮಾಡಿದ್ದನೆಂದರೆ ಅದರಲ್ಲಿ ಏನೂ ಉಳಿದಿರಲಿಲ್ಲ. ಹಾಳೆಯನ್ನು ಎತ್ತಿಕೊಂಡ. ಮಡಿಸಿದ, ಬಿಚ್ಚಿದ, ಇನ್ನೊಂದು ಕಡೆ ಮಡಿಸಿದ. ಹರಿದು ಹೋದ ಕಡೆ ಉಗುಳು ಹಚ್ಚಿದ. ಬೆವರಿದ. ಕೊನೆಗೆ ಮೇಜಿನ ಮೇಲೆ ನಿಂತದ್ದು, ನಿಲ್ಲದೆ ಮಗ್ಗುಲಾದದ್ದು, ಯಾವ ಲೋಕದ ಹಕ್ಕಿಯೂ ಆಗಿರಲಿಲ್ಲ.

ಮೇಡಂ ಅದನ್ನು ಬಹಳ ಹೊತ್ತು ನೋಡಿದರು. ತಲೆಯನ್ನು ಎಡಕ್ಕೆ ವಾಲಿಸಿದರು, ಬಲಕ್ಕೆ ವಾಲಿಸಿದರು.

"ಅದ್ಭುತ!" ಎಂದರು. "ಹಾರೋದನ್ನ ಬಿಟ್ಟ ಹಕ್ಕಿ!"

ಗುಮಾಸ್ತ ಅಡುಗೆಮನೆಯ ಕಡೆ ಕಿವಿಗೊಟ್ಟ. ಇಷ್ಟಕ್ಕೆ ಅಕ್ಕ ನಗದೆ ಇರಲಾರಳು ಎಂದು ಅವನಿಗೆ ಗೊತ್ತಿತ್ತು. ಒಳಗೆ ಚಹ ಕುದಿಯುವ ಸದ್ದು ಕೇಳಿಸಿತು. ಲೋಟ ತೊಳೆಯುವ ಸದ್ದು ಕೇಳಿಸಿತು. ಅವನು ಇನ್ನೂ ಸ್ವಲ್ಪ ಹೊತ್ತು ಕಾದ.